ಈಡುಜೋಡಿನ ಎದುರಾಳಿ

ಕಲ್ಯಾಣದ ಚಾಳುಕ್ಯರ ಶಾಸನಗಳನ್ನು ಓದತೊಡಗಿದ ವಿದ್ಯಾರ್ಥಿಯ ಕಣ್ಣಿಗೆ ಅರಸರ ಹೆಸರುಗಳಿಗಿಂತ ಮುಂಚೆ ಬೀಳುವುದು ಅವರ ಬಿರುದುಗಳು. ಜಗದೇಕಮಲ್ಲ, ತ್ರೈಲೋಕ್ಯಮಲ್ಲ, ಆಹವಮಲ್ಲ, ಭುವನೈಕಮಲ್ಲ, ತ್ರಿಭುವನಮಲ್ಲ, ಭೂಲೋಕಮಲ್ಲ: ಸಿಂಹಾಸನವೇರಿದವರೆಲ್ಲ ಮಲ್ಲರೇ. ಈ ಬಿರುದುಗಳ ಇಂಗಿತ ಒಂದೇ, ಇವನ ಎದುರು ನಿಲ್ಲಬಲ್ಲ ಜಟ್ಟಿ ಲೋಕದಲ್ಲಿ ಇನ್ನೊಬ್ಬನಿಲ್ಲ. ಪ್ರಶಸ್ತಿಕಾರನ ದೃಷ್ಟಿಯಲ್ಲಿ ಎದುರಾಳಿ ಇಲ್ಲದಿರುವುದೇ ಪರಮ ಕೀರ್ತಿ.

ಆದರೆ ಭೂಲೋಕಮಲ್ಲನೆನಿಸಿಕೊಂಡ ಮೂರನೆಯ ಸೋಮೇಶ್ವರನೇ 12ನೆಯ ಶತಮಾನದ ಪೂರ್ವಾರ್ಧದಲ್ಲಿ ಸಂಸ್ಕೃತದಲ್ಲಿ ರಚಿಸಿದ 'ಮಾನಸೋಲ್ಲಾಸ'ದ ಮಲ್ಲವಿನೋದ ಪ್ರಕರಣವು ಬೇರೆಯ ಮಾತನ್ನಾಡುತ್ತದೆ. ಅಲ್ಲಿ ಜಟ್ಟಿಗಳನ್ನು ವಯಸ್ಸು, ಮೈಕಟ್ಟು, ಬಲಗಳಿಗೆ ತಕ್ಕಂತೆ ದರ್ಜೆಗಳಾಗಿ ವಿಂಗಡಿಸಲಾಗಿದೆ. ಕಾರಣ ಊಹಿಸುವುದು ಕಷ್ಟವಲ್ಲ. ಕಣಕ್ಕಿಳಿದ ಕ್ಷಣದಲ್ಲೇ ಒಬ್ಬನು ಮಣ್ಣು ಮುಕ್ಕಿದರೆ ನೋಡುವ ಅರಸನಿಗೆ ವಿನೋದವಿಲ್ಲ, ಗೆದ್ದವನಿಗೆ ಕಲಿಕೆಯಿಲ್ಲ, ಸೋತವನಿಗೆ ತಾನೇಕೆ ಸೋತೆನೆಂಬ ಅರಿವೂ ಇಲ್ಲ. ಬಿರುದಿಗೆ ಎದುರಾಳಿ ಬೇಡ. ವಿದ್ಯೆಗೆ ಎದುರಾಳಿಯಿಲ್ಲದೆ ಗತಿಯಿಲ್ಲ.

ಈ ಹಳೆಯ ತೊಡಕು ಇಂದು ಅನಿರೀಕ್ಷಿತವಾದೊಂದು ಕಡೆ ಹೊಸ ರೂಪದಲ್ಲಿ ಕಾಣಿಸಿಕೊಂಡಿದೆ. ಕಂಪ್ಯೂಟರ್ ಹಾಗೂ ಗೇಮ್ ಯಂತ್ರಗಳ ಮೇಲೆ ಇಬ್ಬರು ಆಡುವ ಕಾಳಗದ ಆಟಗಳಿಗೆ ಅಂತರ್ಜಾಲದ ಮೂಲಕ ಎದುರಾಳಿಯನ್ನು ಹುಡುಕಿಕೊಳ್ಳುವ ವ್ಯವಸ್ಥೆಯೇ ಆ ಕಡೆ. ಅದರ ಕೆಲಸ ಹೇಗೆ ನಡೆಯುತ್ತದೆ, ಎಲ್ಲಿ ಮುಗ್ಗರಿಸುತ್ತದೆ ಎಂಬುದನ್ನು ನೋಡಲು ಬೆಂಗಳೂರಿಗಿಂತ ಕೊಯಮತ್ತೂರು, ತಿರುಪ್ಪೂರು ಜಿಲ್ಲೆಗಳು ಒಳ್ಳೆಯ ನೆಲೆ. ಮಹಾನಗರದಲ್ಲಿ ಮರೆಯಾಗುವ ತೊಡಕುಗಳು ಅಲ್ಲಿ ಎದ್ದು ಕಾಣುತ್ತವೆ.

ಆ ಸೀಮೆ ಕನ್ನಡಕ್ಕೆ ಪರಕೀಯವೂ ಅಲ್ಲ. 1799ರಲ್ಲಿ ಟಿಪ್ಪುವಿನ ಪತನವಾಗುವವರೆಗೆ ಕೊಯಮತ್ತೂರು ಮೈಸೂರಿನ ಆಳ್ವಿಕೆಯಲ್ಲಿತ್ತು. ತಿರುಪ್ಪೂರು ಪ್ರತ್ಯೇಕ ಜಿಲ್ಲೆಯಾದದ್ದು 2009ರಲ್ಲಿ. ಸಿರುಮುಗೈ, ನೆಗಮಂ ಮುಂತಾದ ನೇಕಾರಿಕೆಯ ಊರುಗಳಲ್ಲಿ ದೇವಾಂಗ ಕುಟುಂಬಗಳು ಬೀದಿಯಲ್ಲಿ ತಮಿಳನ್ನೂ ಮನೆಯೊಳಗೆ ಒಂದು ಬಗೆಯ ಹಳೆಯ ಕನ್ನಡವನ್ನೂ ಬಳಸುತ್ತ ಬಂದಿವೆ. ಕೊಯಮತ್ತೂರಿನಲ್ಲಿ ವಿಜಯದಶಮಿಯಂದು ಚೌಡೇಶ್ವರಿಯ ಮೆರವಣಿಗೆಯಲ್ಲಿ ಭಕ್ತರು ಕತ್ತಿಯಿಂದ ತಮ್ಮ ಮೈಗೇ ಹೊಡೆದುಕೊಳ್ಳುತ್ತ ಸಾಗುತ್ತಾರೆ. ಅದು ಎದುರಾಳಿಯಿಲ್ಲದ ಕತ್ತಿ. ಇಲ್ಲಿ ಹೇಳಹೊರಟಿರುವುದು ಎದುರಾಳಿಯಿಲ್ಲದೆ ಒಂದು ಹೆಜ್ಜೆಯೂ ಮುಂದಿಡಲಾರದ ಆಟದ ಕತೆ.

ಫೈಟಿಂಗ್ ಗೇಮ್ ಎಂದು ಹುಡುಗರು ಕರೆಯುವ ಈ ಆಟದ ಸ್ವರೂಪ ಸರಳ. ತೆರೆಯ ಮೇಲೆ ಎದುರುಬದುರಾಗಿ ಇಬ್ಬರು ಜಟ್ಟಿಗಳು. ಒಬ್ಬೊಬ್ಬ ಜಟ್ಟಿಯನ್ನು ಒಬ್ಬೊಬ್ಬ ಆಟಗಾರ ಗುಂಡಿಗಳಿಂದ ನಡೆಸುತ್ತಾನೆ. ಹೊಡೆತ, ತಡೆ, ಹಿಡಿತ ಎಂಬ ಮೂರರ ಸುತ್ತ ಆಟ ತಿರುಗುತ್ತದೆ. ತಡೆದವನನ್ನು ಹಿಡಿಯಬಹುದು, ಹಿಡಿಯಲು ಬಂದವನನ್ನು ಹೊಡೆಯಬಹುದು, ಹೊಡೆಯಲು ಬಂದವನನ್ನು ತಡೆಯಬಹುದು. ಜಪಾನಿನ ಕ್ಯಾಪ್‌ಕಾಮ್ ಸಂಸ್ಥೆ 1991ರಲ್ಲಿ ಹೊರತಂದ 'ಸ್ಟ್ರೀಟ್ ಫೈಟರ್ 2' ಈ ಪ್ರಕಾರಕ್ಕೆ ಇಂದಿನ ರೂಪ ಕೊಟ್ಟಿತು. ನಾಣ್ಯ ಹಾಕಿ ಆಡುವ ಯಂತ್ರದ ಮುಂದೆ ಇಬ್ಬರು ಭುಜಕ್ಕೆ ಭುಜ ತಾಗಿಸಿ ನಿಲ್ಲುತ್ತಿದ್ದರು. ಗೆದ್ದವನು ಯಂತ್ರದ ಮುಂದೆ ಉಳಿಯುತ್ತಿದ್ದ, ಸೋತವನು ಸರಿದು ಕಾದು ನಿಂತವನಿಗೆ ಎಡೆಗೊಡುತ್ತಿದ್ದ. ಎದುರಾಳಿಯನ್ನು ಹುಡುಕುವ ಪ್ರಶ್ನೆಯೇ ಅಲ್ಲಿ ಏಳಲಿಲ್ಲ; ಬೆನ್ನ ಹಿಂದೆ ಸಾಲು ನಿಂತವರೆಲ್ಲ ಎದುರಾಳಿಗಳೇ.

ಬೆಳಗಾವಿ, ಕೊಲ್ಹಾಪುರಗಳ ಕುಸ್ತಿ ಮೈದಾನವನ್ನು ಕಂಡವರಿಗೆ ಈ ಚಿತ್ರ ಹೊಸದೆನಿಸದು. ಜಾತ್ರೆಯ ಜಂಗಿ ಕುಸ್ತಿಗಳಲ್ಲಿ ದೊಡ್ಡ ಪೈಲವಾನರ ಜೋಡಿಗಳು ಮೊದಲೇ ನಿಶ್ಚಯವಾಗಿ ಭಿತ್ತಿಪತ್ರದಲ್ಲಿ ಅಚ್ಚಾಗುತ್ತವೆ. ಎಳೆಯ ಪೈಲವಾನರದು ಹಾಗಲ್ಲ. ಅವರು ಲಂಗೋಟಿ ಬಿಗಿದು ಅಖಾಡದ ಸುತ್ತ ನಡೆಯುತ್ತಾರೆ. ಊರ ಹಿರಿಯರೂ ವಸ್ತಾದರೂ ಒಬ್ಬನ ಹೆಗಲು, ಇನ್ನೊಬ್ಬನ ತೊಡೆ ನೋಡಿ, ಯಾವ ತಾಲೀಮಿನವನೆಂದು ಕೇಳಿ, ಕೈಗೆ ಕೈ ಕೊಡಿಸುತ್ತಾರೆ. ಮರಾಠಿಯಲ್ಲಿ ಇದನ್ನು 'ಕುಸ್ತೀ ಲಾವಣೇ' ಎನ್ನುತ್ತಾರೆ. ಕನ್ನಡದಲ್ಲಿ ಜೋಡಿ ಕಟ್ಟುವುದು. ಜೋಡಿ ಕಟ್ಟುವವನ ಕಣ್ಣು ತಪ್ಪಿದರೆ ಮೈದಾನವೇ ಗದ್ದಲವೇಳುತ್ತದೆ. ಹೀಗಾಗಿ ಅದು ಕುಸ್ತಿಯಷ್ಟೇ ಗೌರವದ ವಿದ್ಯೆ.

ಕನ್ನಡ ನುಡಿ ಈ ವಿಷಯದಲ್ಲಿ ಬಲು ಸಂಪನ್ನವಾಗಿದೆ. ಸಾಟಿ, ಎಣೆ, ಸರಿಸಮ, ಈಡು ಎಂಬ ಮಾತುಗಳೆಲ್ಲ ಇಬ್ಬರನ್ನು ತಕ್ಕಡಿಯಲ್ಲಿಟ್ಟು ತೂಗುತ್ತವೆ. ವಧೂವರರಿಗೆ ಹೇಳುವ 'ಈಡುಜೋಡು' ಎಂಬ ಮಾತು ಜಟ್ಟಿಗಳಿಗೂ ಒಪ್ಪುತ್ತದೆ. ಎದುರಾಳಿಯನ್ನು ಹೊಂದಿಸಿಕೊಡುವ ಗಣಕವ್ಯವಸ್ಥೆಗೆ ಆಟಗಾರರು ಬಳಸುವ ಮ್ಯಾಚ್‌ಮೇಕಿಂಗ್ ಎಂಬ ಇಂಗ್ಲಿಷ್ ಪದವೂ ಮದುವೆ ಕುದುರಿಸುವವರದೇ ಎಂಬುದು ಸ್ವಾರಸ್ಯದ ಸಂಗತಿ. ಹಳಗನ್ನಡದ 'ಮಾರ್' ಎಂಬ ಮೂಲವನ್ನಂತೂ ಐಚ್ಛಿಕ ಕನ್ನಡದ ವಿದ್ಯಾರ್ಥಿಗಳು ಮರೆಯಬಾರದು. ಮಾರ್ಬಲವೆಂದರೆ ಎದುರಿನ ಸೈನ್ಯ, ಮಾರಾಂತವನೆಂದರೆ ಎದುರು ನಿಂತವನು, ಮಾರ್ನುಡಿಯೆಂದರೆ ಮರುಮಾತು. ಎದುರಿಸುವುದಕ್ಕೂ ಉತ್ತರಿಸುವುದಕ್ಕೂ ಒಂದೇ ಬೇರು. ಕಾಳಗದ ಆಟ ಆಡುವವರು ವಿವರಿಸುವ ಅನುಭವ ಇದಕ್ಕೆ ಬಹಳ ಹತ್ತಿರದ್ದು: ನನ್ನ ಹೊಡೆತವೊಂದು ಮಾತು, ಅವನ ತಡೆಯೊಂದು ಮಾರ್ನುಡಿ. ಯಂತ್ರವೇ ನಡೆಸುವ ಜಟ್ಟಿಯೊಡನೆ ಎಷ್ಟು ಆಡಿದರೂ ಈ ಸಂವಾದ ಹುಟ್ಟದು. ಯಂತ್ರದ ಜಟ್ಟಿಯ ಚಾಳಿಗಳನ್ನು ಒಮ್ಮೆ ಕಂಡುಕೊಂಡರೆ ಮುಗಿಯಿತು. ಮನುಷ್ಯನು ಸೋತ ಮರುಗಳಿಗೆಯಲ್ಲಿ ತನ್ನ ಚಾಳಿಯನ್ನೇ ಬದಲಿಸುತ್ತಾನೆ.

ಅಂತರ್ಜಾಲದಲ್ಲಿ ಜೋಡಿ ಕಟ್ಟುವ ವಸ್ತಾದ ಒಂದು ಅಂಕಿ. ಅದರ ಮೂಲ ಚದುರಂಗದಲ್ಲಿದೆ. ಹಂಗೇರಿಯಲ್ಲಿ ಹುಟ್ಟಿ ಅಮೆರಿಕದಲ್ಲಿ ನೆಲೆಸಿದ ಭೌತಶಾಸ್ತ್ರದ ಪ್ರಾಧ್ಯಾಪಕ ಆರ್ಪಾಡ್ ಎಲೊ ರೂಪಿಸಿದ ಲೆಕ್ಕಾಚಾರವನ್ನು ಅಮೆರಿಕದ ಚೆಸ್ ಒಕ್ಕೂಟ 1960ರಲ್ಲಿ, ಜಾಗತಿಕ ಚೆಸ್ ಸಂಸ್ಥೆ 1970ರಲ್ಲಿ ಸ್ವೀಕರಿಸಿದವು. ಪ್ರತಿಯೊಬ್ಬ ಆಟಗಾರನಿಗೂ ಒಂದು ಸಂಖ್ಯೆ ಇರುತ್ತದೆ. ಇಬ್ಬರ ಸಂಖ್ಯೆ ಸಮವಿದ್ದರೆ ಗೆಲುವಿನ ಸಾಧ್ಯತೆ ಇಬ್ಬರಿಗೂ ಅರ್ಧರ್ಧ. ಅಂತರ 200 ಇದ್ದರೆ ಮೇಲಿನವನು ನಾಲ್ಕರಲ್ಲಿ ಸುಮಾರು ಮೂರು ಪಾಲು ಗೆಲ್ಲುವನೆಂದು ನಿರೀಕ್ಷೆ; 400 ಇದ್ದರೆ ಹನ್ನೊಂದರಲ್ಲಿ ಹತ್ತು ಪಾಲು. ಪಂದ್ಯ ಮುಗಿದ ಮೇಲೆ ನಿರೀಕ್ಷೆಗೂ ಫಲಕ್ಕೂ ಇರುವ ವ್ಯತ್ಯಾಸದಷ್ಟು ಸಂಖ್ಯೆ ಏರಿಳಿಯುತ್ತದೆ. ಬಲಹೀನನನ್ನು ಸೋಲಿಸಿದರೆ ದೊರೆಯುವುದು ಚಿಲ್ಲರೆ, ಬಲಿಷ್ಠನನ್ನು ಕೆಡವಿದರೆ ದೊಡ್ಡ ಗಂಟು. ಈ ತತ್ತ್ವದ ಬೇರೆ ಬೇರೆ ರೂಪಗಳೇ ಇಂದಿನ ಬಹುತೇಕ ಸ್ಪರ್ಧಾತ್ಮಕ ಆಟಗಳ ಬೆನ್ನೆಲುಬು. 2023ರ ಜೂನ್‌ನಲ್ಲಿ ಬಂದ 'ಸ್ಟ್ರೀಟ್ ಫೈಟರ್ 6'ರಲ್ಲಿ ಹೊಸಬನಿಂದ ಹಿಡಿದು ಕಬ್ಬಿಣ, ಕಂಚು, ಬೆಳ್ಳಿ, ಬಂಗಾರ, ಪ್ಲಾಟಿನಂ, ವಜ್ರ ಎಂದು ಮೆಟ್ಟಿಲುಗಳಿವೆ. ತುದಿಯಲ್ಲಿ ಮಾಸ್ಟರ್ ಪದವಿ. ಲೋಹಗಳ ಹೆಸರಿದ್ದರೂ ಒಳಗಿನ ತತ್ತ್ವ ಮಲ್ಲವಿನೋದದ ದರ್ಜೆಗಳದೇ.

ಎದುರಾಳಿಯ ಆಯ್ಕೆಯನ್ನು ಅಂಕಿಗೆ ಬಿಡದೆ ಮನುಷ್ಯನಿಗೇ ಬಿಟ್ಟರೆ ಏನಾದೀತೆಂಬುದನ್ನೂ ಪುರಾಣಗಳು ಯೋಚಿಸಿವೆ. ಭಾಗವತದ ದಶಮಸ್ಕಂಧದಲ್ಲಿ ಕೃಷ್ಣ, ಅರ್ಜುನ, ಭೀಮರು ಮಾರುವೇಷದಲ್ಲಿ ಬಂದು ದ್ವಂದ್ವ ಬೇಡಿದಾಗ ಜರಾಸಂಧ ಕೃಷ್ಣನನ್ನು ಹೇಡಿಯೆಂದು ತಳ್ಳಿಹಾಕುತ್ತಾನೆ, ಅರ್ಜುನ ವಯಸ್ಸಿನಲ್ಲೂ ಬಲದಲ್ಲೂ ತನಗೆ ಸಮನಲ್ಲವೆನ್ನುತ್ತಾನೆ, ಭೀಮನೇ ತನಗೆ ಸಾಟಿಯೆಂದು ಆರಿಸಿಕೊಂಡು ಪ್ರಾಣ ತೆರುತ್ತಾನೆ. ವ್ಯಾಸಭಾರತದ ಶಲ್ಯಪರ್ವದಲ್ಲಿ ಯುಧಿಷ್ಠಿರ ದುರ್ಯೋಧನನಿಗೆ, ಐವರಲ್ಲಿ ಯಾರನ್ನು ಬೇಕಾದರೂ ಎದುರಿಸು, ಒಬ್ಬನನ್ನು ಗೆದ್ದರೂ ರಾಜ್ಯ ನಿನ್ನದೆಂದು ಮಾತುಕೊಟ್ಟು ಕೃಷ್ಣನಿಂದ ಬೈಸಿಕೊಳ್ಳುತ್ತಾನೆ. ಗದೆಯಲ್ಲಿ ನಕುಲನನ್ನೋ ಸಹದೇವನನ್ನೋ ಕರೆದಿದ್ದರೆ ಯುದ್ಧದ ಫಲವೇ ತಿರುವುಮುರುವಾಗುತ್ತಿತ್ತು. ಆಯ್ಕೆ ಕೈಗೆ ಬಂದಾಗ ಜರಾಸಂಧನಂತೆ ನಡೆಯುವವರು ವಿರಳ. ಹೆಚ್ಚಿನವರು ನಕುಲನನ್ನೇ ಹುಡುಕುತ್ತಾರೆ. ಅಂಕಿಯನ್ನು ಏರಿಸಿಕೊಳ್ಳಲೆಂದು ಎಳಸು ಆಟಗಾರರನ್ನು ಅರಸಿ ಹೊಡೆಯುವ ಚಾಳಿ ಆಟದ ಲೋಕದಲ್ಲಿಯೂ ಉಂಟು. ಅಂಕಿ ಜೋಡಿ ಕಟ್ಟುವ ಉದ್ದೇಶವೇ ಈ ಚಾಳಿಗೆ ಲಗಾಮು ಹಾಕುವುದು.

ಇಷ್ಟರವರೆಗೆ ಎಲ್ಲವೂ ಸಲೀಸು. ತೊಡಕು ಇರುವುದು ಮುಂದೆ.

ತಿರುಪ್ಪೂರಿನ ಬನಿಯನ್ ಕಂಪನಿಯೊಂದರಲ್ಲಿ ದುಡಿಯುವ, ಮನೆಯಲ್ಲಿ ಕನ್ನಡವಾಡುವ ಒಬ್ಬ ಯುವಕನನ್ನು ಊಹಿಸಿಕೊಳ್ಳಬಹುದು. ಕೆಲಸ ಮುಗಿಸಿ ಉಂಡು ಆತ ಆಟಕ್ಕೆ ಕೂರುವಾಗ ರಾತ್ರಿ 11 ಗಂಟೆ. ಯಂತ್ರವು ಅವನಿಗಾಗಿ ಮೂರು ಸಂಗತಿಗಳನ್ನು ಏಕಕಾಲಕ್ಕೆ ಹುಡುಕಬೇಕು: ಬಲದಲ್ಲಿ ಹತ್ತಿರದವನು, ದೂರದಲ್ಲಿ ಹತ್ತಿರದವನು, ಈಗಲೇ ಆಡಲು ಕೂತಿರುವವನು. ಲಕ್ಷಾಂತರ ಮಂದಿ ಆಡುವ ಟೋಕಿಯೊದಂಥ ನಗರದಲ್ಲಿ ಮೂರೂ ಕೂಡಿಬರುತ್ತವೆ. ಭಾರತದಲ್ಲಿ ಮೊಬೈಲಿನ ಗುಂಡಿನ ಆಟಗಳಿಗೆ ಇರುವ ಜನ ಈ ಆಟಗಳಿಗಿಲ್ಲ. ದಕ್ಷಿಣದ ಜಿಲ್ಲೆಯೊಂದರಲ್ಲಿ ಇನ್ನೂ ವಿರಳ. ಹಾಗಾಗಿ ಮೂರರಲ್ಲಿ ಒಂದನ್ನು ಬಿಟ್ಟುಕೊಡಲೇಬೇಕು. ಬಲದ ನಿಯಮ ಸಡಿಲಿಸಿದರೆ ಕಂಚಿನವನ ಎದುರು ವಜ್ರದವನು ಬಂದು ನಿಲ್ಲುತ್ತಾನೆ. ಕಾಯುವ ಅವಧಿ ಹಿಗ್ಗಿಸಿದರೆ ಅರ್ಧ ಗಂಟೆ ಖಾಲಿ ತೆರೆ ನೋಡುತ್ತ ಕೂರಬೇಕು. ದೂರ ಹಿಗ್ಗಿಸಿದರೆ ಸಮುದ್ರ ದಾಟಬೇಕು. ಆ ಹೊತ್ತಿಗೆ ಸಿಂಗಪುರದಲ್ಲಿ ಗಂಟೆ ಒಂದೂವರೆ, ಹೆಚ್ಚಿನವರು ಮಲಗಿರುತ್ತಾರೆ. ದುಬೈಯಲ್ಲಿ ಒಂಬತ್ತೂವರೆ, ಆಟ ರಂಗೇರುವ ಸಮಯ. ಯಂತ್ರ ಪಡುವಣಕ್ಕೆ ತಿರುಗುತ್ತದೆ.

ಸಮುದ್ರ ದಾಟುವುದರಿಂದ ಕೆಡುವುದೇನು? ಚದುರಂಗಕ್ಕೆ ಏನೂ ಕೆಡುವುದಿಲ್ಲ. ಕಾಳಗದ ಆಟಕ್ಕೆ ಬಹಳಷ್ಟು ಕೆಡುತ್ತದೆ. ಈ ಆಟಗಳು ಸೆಕೆಂಡಿಗೆ 60 ಚಿತ್ರಗಳ ವೇಗದಲ್ಲಿ ಓಡುತ್ತವೆ. ಒಂದೊಂದು ಚಿತ್ರವನ್ನು ಆಟಗಾರರು ಫ್ರೇಮ್ ಎನ್ನುತ್ತಾರೆ. ಅದರ ಆಯಸ್ಸು ಸುಮಾರು 16.7 ಮಿಲಿಸೆಕೆಂಡು. ಅತಿ ಚುರುಕಾದ ಗುದ್ದು ಗುಂಡಿ ಒತ್ತಿದ ನಾಲ್ಕನೆಯ ಫ್ರೇಮಿಗೇ ತಾಗುವುದುಂಟು. ಕಂಡದ್ದಕ್ಕೆ ಕೈ ಸ್ಪಂದಿಸಲು ಮನುಷ್ಯನಿಗೆ ಸುಮಾರು 200ರಿಂದ 250 ಮಿಲಿಸೆಕೆಂಡು, ಎಂದರೆ ಹನ್ನೆರಡರಿಂದ ಹದಿನೈದು ಫ್ರೇಮು ಬೇಕು. ಹೀಗಾಗಿ ಕಂಡು ತಡೆಯಬಹುದಾದ ಹೊಡೆತಗಳು, ಊಹಿಸಿಯೇ ತಡೆಯಬೇಕಾದ ಹೊಡೆತಗಳು ಎಂಬ ಎರಡು ಜಾತಿಗಳಿವೆ. ಆಟದ ರುಚಿಯೆಲ್ಲ ಈ ಎರಡರ ನಡುವಣ ತೆಳುಗೆರೆಯಲ್ಲಿದೆ. ನಡುವೆ ಐದಾರು ಫ್ರೇಮುಗಳ ವಿಳಂಬ ಸೇರಿದರೆ ಆ ಗೆರೆ ಅಳಿಸಿಹೋಗುತ್ತದೆ. ಕಂಡು ತಡೆಯಬಹುದಾಗಿದ್ದುದನ್ನು ಈಗ ಕಣಿ ಹೇಳಿ ತಡೆಯಬೇಕು.

ಗಾಜಿನ ತಂತುವಿನಲ್ಲಿ ಬೆಳಕು ಮಿಲಿಸೆಕೆಂಡಿಗೆ ಸುಮಾರು 200 ಕಿಲೋಮೀಟರು ಸಾಗುತ್ತದೆ. ತಿರುಪ್ಪೂರಿನಿಂದ ದುಬೈ ಸುಮಾರು 2,800 ಕಿಲೋಮೀಟರು. ಗೆರೆ ಎಳೆದಂತೆ ನೇರ ತಂತುವಿದ್ದರೂ ಹೋಗಿಬರಲು 28 ಮಿಲಿಸೆಕೆಂಡು ತಗಲುತ್ತದೆ. ಇದು ಪ್ರಕೃತಿ ವಿಧಿಸಿದ ಮಿತಿ, ಯಾವ ಕಂಪನಿಯೂ ಇದನ್ನು ಇಳಿಸಲಾರದು. ತಂತುಗಳಾದರೋ ನೇರವಾಗಿಲ್ಲ. ಅವು ಮುಂಬೈ, ಚೆನ್ನೈ, ಕೊಚ್ಚಿಗಳಂಥ ಕರಾವಳಿ ನೆಲೆಗಳಲ್ಲಿ ಕಡಲಿಗಿಳಿಯುತ್ತವೆ. ದಾರಿಯುದ್ದಕ್ಕೂ ಕವಲುದಾರಿ ತೋರಿಸುವ ಯಂತ್ರಗಳಿದ್ದು ಒಂದೊಂದೂ ತನ್ನ ಪಾಲಿನ ವಿಳಂಬ ಸೇರಿಸುತ್ತದೆ. ದೂರದ ಎದುರಾಳಿಯಷ್ಟೇ ಅಲ್ಲ, ನೆರೆಯವನೂ ದೂರವಾಗಬಲ್ಲ. ತಿರುಪ್ಪೂರಿನವನೂ 50 ಕಿಲೋಮೀಟರು ಆಚೆಯ ಕೊಯಮತ್ತೂರಿನವನೂ ಬೇರೆ ಬೇರೆ ಕಂಪನಿಗಳ ಸಂಪರ್ಕ ಪಡೆದಿದ್ದರೆ, ಒಬ್ಬನ ಗುದ್ದು ಇನ್ನೊಬ್ಬನನ್ನು ತಲುಪುವ ಮುನ್ನ ಎರಡು ಕಂಪನಿಗಳ ಜಾಲಗಳು ಕೂಡುವ ಚೆನ್ನೈಗೋ ಮುಂಬೈಗೋ ಹೋಗಿ ಬರುವುದುಂಟು. ಅವಿನಾಶಿ ರಸ್ತೆಯಲ್ಲಿ ಮುಗಿಯಬೇಕಾದ ಜಗಳಕ್ಕೆ ಚೆನ್ನೈಯ ಪ್ರದಕ್ಷಿಣೆ.

ಈ ವಿಳಂಬವನ್ನು ಮರೆಮಾಚಲು ಎರಡು ಉಪಾಯಗಳು ಬಳಕೆಯಲ್ಲಿವೆ. ಹಳೆಯದು ಕಾಯುವ ಉಪಾಯ. ಎದುರಾಳಿಯ ಗುಂಡಿಯ ಸುದ್ದಿ ಬರುವವರೆಗೆ ಇತ್ತಲಿನ ಆಟವೂ ತಡೆದು ನಿಲ್ಲುತ್ತದೆ. ದಾರಿ ಚೆನ್ನಾಗಿದ್ದರೆ ಸರಿ, ಇಲ್ಲವಾದರೆ ಇಬ್ಬರೂ ಕೆಸರಿನಲ್ಲಿ ನಡೆದಂತಾಗುತ್ತದೆ. ಎರಡನೆಯದನ್ನು ರೋಲ್‌ಬ್ಯಾಕ್ ಎನ್ನುತ್ತಾರೆ; ಕನ್ನಡದಲ್ಲಿ 'ಹಿಮ್ಮರಳಿಕೆ' ಎನ್ನಬಹುದು. ಇಲ್ಲಿ ಯಂತ್ರ ಕಾಯುವುದಿಲ್ಲ. ಎದುರಾಳಿ ಹಿಂದಿನ ಕ್ಷಣದಲ್ಲಿ ಏನು ಮಾಡುತ್ತಿದ್ದನೋ ಅದನ್ನೇ ಮುಂದುವರಿಸಿದ್ದಾನೆಂದು ಊಹಿಸಿ ಆಟವನ್ನು ಓಡಿಸುತ್ತದೆ. ನಿಜವಾದ ಸುದ್ದಿ ತಲುಪಿದಾಗ ಊಹೆ ಸರಿಯಾಗಿದ್ದರೆ ಯಾರಿಗೂ ಏನೂ ತಿಳಿಯದು. ತಪ್ಪಾಗಿದ್ದರೆ ಯಂತ್ರ ಕಣ್ಣೆವೆಯಿಕ್ಕುವುದರೊಳಗೆ ಹಿಂದಿನ ಸ್ಥಿತಿಗೆ ಮರಳಿ, ನಡೆದದ್ದನ್ನು ತಿದ್ದಿ, ಮತ್ತೆ ವರ್ತಮಾನಕ್ಕೆ ಓಡಿಬರುತ್ತದೆ. ನೋಡುವವನಿಗೆ ಜಟ್ಟಿ ಒಂದು ಕೂದಲೆಳೆಯಷ್ಟು ಜಿಗಿದಂತೆ ಕಾಣುತ್ತದೆ, ಅಷ್ಟೆ. ಮನುಷ್ಯನ ಕೈ ಸೆಕೆಂಡಿಗೆ 60 ಬಾರಿ ಮನಸ್ಸು ಬದಲಿಸುವುದಿಲ್ಲವಾದ್ದರಿಂದ ಊಹೆ ಬಹಳ ಸಲ ಸರಿಯಾಗಿಯೇ ಇರುತ್ತದೆ. ಈ ವಿಧಾನವನ್ನು ಕಾಳಗದ ಆಟಗಳಲ್ಲಿ ಬಳಕೆಗೆ ತಂದವನು ಟೋನಿ ಕ್ಯಾನನ್ ಎಂಬ ಅಮೆರಿಕದ ತಂತ್ರಜ್ಞ. ಆತ ಸ್ವತಃ ಆಟಗಾರ, ಈವೊ ಎಂಬ ಹೆಸರಾಂತ ಪಂದ್ಯಾವಳಿಯ ಸ್ಥಾಪಕರಲ್ಲೊಬ್ಬ. 2006ರ ಸುಮಾರಿಗೆ ಬಂದ ಆತನ ಜಿಜಿಪಿಒ ತಂತ್ರಾಂಶ 2019ರಲ್ಲಿ ಎಲ್ಲರಿಗೂ ಮುಕ್ತವಾಯಿತು. ದೊಡ್ಡ ಜಪಾನಿ ಸಂಸ್ಥೆಗಳು ಇದನ್ನು ಪೂರ್ಣವಾಗಿ ಒಪ್ಪಲು ಹೆಚ್ಚುಕಡಿಮೆ ಒಂದೂವರೆ ದಶಕ ತೆಗೆದುಕೊಂಡವು. ಕಾರಣ ಇರಬಹುದು: ಕಿರಿದಾದ ದೇಶ, ಉತ್ತಮ ತಂತುಜಾಲ, ಪಕ್ಕದ ಬೀದಿಯಲ್ಲೇ ಆಟದ ಮನೆ. ದೂರದ ಕಷ್ಟ ದೂರದಲ್ಲಿರುವವನಿಗೇ ಗೊತ್ತು.

ಹಿಮ್ಮರಳಿಕೆ ವಿಳಂಬವನ್ನು ಸಹಿಸಬಲ್ಲದು; ಅಸ್ಥಿರತೆಯನ್ನು ಸಹಿಸದು. ಸುದ್ದಿ ಪ್ರತಿಸಲವೂ 60 ಮಿಲಿಸೆಕೆಂಡಿಗೆ ಬಂದರೆ ಆಟ ನಡೆಯುತ್ತದೆ. ಒಮ್ಮೆ 40, ಒಮ್ಮೆ 150, ಒಮ್ಮೆ ಬಾರದೆಯೇ ಹೋದರೆ ಜಟ್ಟಿಗಳು ತೆರೆಯ ಮೇಲೆ ದೆವ್ವಗಳಂತೆ ಮಾಯವಾಗಿ ಮೂಡುತ್ತಾರೆ. ನಿಸ್ತಂತು ವೈಫೈ ಸಂಪರ್ಕದ ದೋಷ ಇದೇ. ಗೋಡೆ, ನೆರೆಮನೆಯ ವೈಫೈ, ಅಡುಗೆಮನೆಯ ಮೈಕ್ರೊವೇವ್ ಎಲ್ಲವೂ ಅದನ್ನು ಅಲುಗಿಸುತ್ತವೆ. ಮೊಬೈಲ್ ಸಂಪರ್ಕವನ್ನೇ ಮನೆಯ ಅಂತರ್ಜಾಲವಾಗಿಸಿಕೊಂಡವರ ಪಾಡು ಇನ್ನೂ ಕಷ್ಟ. ಈ ಆಟಗಳಲ್ಲಿ ಬಹಳಷ್ಟು, ಇಬ್ಬರ ಯಂತ್ರಗಳು ನೇರವಾಗಿ ಮಾತನಾಡುವ ಕ್ರಮದವು. ನಡುವಣ ಸರ್ವರ್ ಪರಿಚಯ ಮಾಡಿಸಿ ಪಕ್ಕಕ್ಕೆ ಸರಿಯುತ್ತದೆ. ಆದರೆ ಅಂತರ್ಜಾಲದ ಹಳೆಯ ವಿಳಾಸಗಳ ಕೊರತೆಯಿಂದಾಗಿ ಕಂಪನಿಗಳು ಹಲವಾರು ಮನೆಗಳನ್ನು ಒಂದೇ ಬಹಿರಂಗ ವಿಳಾಸದ ಹಿಂದೆ ಕೂರಿಸುತ್ತವೆ. ಒಂದು ಹೆಬ್ಬಾಗಿಲು, ಒಳಗೆ ನೂರು ಬಿಡಾರ. ಹೊರಗೆ ಹೋಗಲು ತೊಂದರೆಯಿಲ್ಲ. ಹೊರಗಿನವನು ಬಂದು ಯಾರದಾದರೂ ಬಾಗಿಲು ತಟ್ಟಬೇಕೆಂದರೆ ಯಾವ ಬಿಡಾರವೆಂದು ಗೊತ್ತಾಗುವುದಿಲ್ಲ. ಅಂಥ ಇಬ್ಬರು ಪರಸ್ಪರ ಹುಡುಕಿಕೊಂಡರೂ ಸೇರಲಾಗದೆ ಹೋಗುವುದುಂಟು.

ಇಲ್ಲಿಗೆ ಕಥೆ ಮತ್ತೆ ಮಹಾಭಾರತದ ಕಡೆ ಹೊರಳುತ್ತದೆ. ಹಲವು ಆಟಗಳಲ್ಲಿ ಜೋಡಿ ಸಿಕ್ಕ ಕೂಡಲೇ ಎದುರಾಳಿಯ ಸಂಪರ್ಕದ ಗುಣವನ್ನು ಕಡ್ಡಿಗಳ ರೂಪದಲ್ಲಿ ತೋರಿಸಲಾಗುತ್ತದೆ. ತಂತಿಯೋ ವೈಫೈಯೋ ಎಂಬ ಗುರುತೂ ಇರುವುದುಂಟು. ಒಪ್ಪಬಹುದು, ನಿರಾಕರಿಸಬಹುದು. ಇಂಥವರು ನನಗೆ ಬೇಡವೆಂದು ಮುಂಚೆಯೇ ಸೋಸಿಡಲೂಬಹುದು. ಈ ಏರ್ಪಾಡು ಅನ್ಯಾಯದ್ದೆನ್ನಲಾಗದು. ಕೆಟ್ಟ ಸಂಪರ್ಕ ಇಬ್ಬರ ಆಟವನ್ನೂ ಕೆಡಿಸುತ್ತದೆ. ಆದರೆ ಅದರ ಫಲವನ್ನು ನೋಡಬೇಕು. ಪಂಪಭಾರತದಲ್ಲಿ ರಾಜಕುಮಾರರ ಶಸ್ತ್ರಪ್ರದರ್ಶನದ ನಡುವೆ ಕರ್ಣ ಬಂದು ಅರ್ಜುನನಿಗೆ ಎದುರಾಗಿ ನಿಂತಾಗ ಅವನ ಬಿಲ್ವಿದ್ಯೆ ಸಾಟಿಯೋ ಅಲ್ಲವೋ ಎಂದು ಯಾರೂ ಕೇಳುವುದಿಲ್ಲ. ಕುಲ ಯಾವುದೆಂಬ ಪ್ರಶ್ನೆ ಏಳುತ್ತದೆ, ಜೋಡಿ ಮುರಿಯುತ್ತದೆ. ದುರ್ಯೋಧನ ಅವನನ್ನು ಅಂಗರಾಜ್ಯಕ್ಕೆ ಅರಸನಾಗಿಸುವುದು ಆ ಪ್ರಶ್ನೆಗೆ ಕೊಟ್ಟ ಮಾರ್ನುಡಿ.

ಅಂಕಿಯ ವಸ್ತಾದ ಕುಲ ಕೇಳುವುದಿಲ್ಲ. ಊರು, ನುಡಿ, ಜಾತಿ, ವಯಸ್ಸು ಯಾವುದನ್ನೂ ಕೇಳುವುದಿಲ್ಲ. 2023ರಲ್ಲಿ ಹಾಂಗ್‌ಝೌ ಏಷ್ಯನ್ ಕ್ರೀಡಾಕೂಟದಲ್ಲಿ 'ಸ್ಟ್ರೀಟ್ ಫೈಟರ್ 5'ರ ಚಿನ್ನ ಗೆದ್ದ ದಕ್ಷಿಣ ಕೊರಿಯದ ಕಿಮ್ ಗ್ವಾನ್ ವೂ ಅವರಿಗೆ ಆಗ 44 ವರ್ಷ. ಅದೇ ಸ್ಪರ್ಧೆಗೆ ಭಾರತದಿಂದ ಮಯಂಕ್ ಪ್ರಜಾಪತಿ, ಅಯಾನ್ ಬಿಸ್ವಾಸ್ ತೆರಳಿದ್ದರು. ಮಗ್ಗದ ಮನೆಯ ಹುಡುಗನಿಗೂ ಮುಂಬೈಯ ಶ್ರೀಮಂತನ ಮಗನಿಗೂ ಅಂಕಿ ಒಂದೇ ತಕ್ಕಡಿ ಹಿಡಿಯುತ್ತದೆ. ಇದು ಸಣ್ಣ ಸಂಗತಿಯಲ್ಲ. ಆದರೆ ಅಂಕಿ ಕೇಳದೆ ಬಿಟ್ಟ ಪ್ರಶ್ನೆಯನ್ನು ಕಡ್ಡಿಗಳು ಕೇಳುತ್ತವೆ. ಬಾಡಿಗೆಯ ಕೋಣೆಯಲ್ಲಿ ನಾಲ್ವರೊಡನೆ ಇರುವವನು, ಮನೆಯ ಮಾಲೀಕ ತಂತಿ ಎಳೆಯಲು ಒಪ್ಪದವನು, ಮೊಬೈಲಿನ ಸಂಪರ್ಕವನ್ನೇ ಹಂಚಿಕೊಂಡು ಆಡುವವನು ಕಡ್ಡಿಗಳ ಮುಂದೆ ಕರ್ಣನ ಸ್ಥಿತಿಯಲ್ಲಿ ನಿಲ್ಲುತ್ತಾನೆ. ಅವನ ಬಲ ಪರೀಕ್ಷೆಗೆ ಒಳಗಾಗುವ ಮುನ್ನವೇ ಅವನನ್ನು ಹಿಂದಕ್ಕೆ ಕಳಿಸಲಾಗುತ್ತದೆ. ನಿರಾಕರಿಸಿದವನು ಯಾರೆಂದೂ ಅವನಿಗೆ ತಿಳಿಯದು. ತೆರೆಯ ಮೇಲೆ ಹುಡುಕಾಟದ ಚಕ್ರ ಮತ್ತೆ ತಿರುಗತೊಡಗುತ್ತದೆ.

ನಡುವೆ ಒಂದು ಸ್ಪಷ್ಟನೆ ಅಗತ್ಯ. ಆನ್‌ಲೈನ್ ಆಟವೆಂದ ಕೂಡಲೇ ಹೆತ್ತವರಿಗೆ ರಮ್ಮಿ, ಬಾಜಿ, ಸಾಲಗಳ ನೆನಪಾಗುತ್ತದೆ, ತಮಿಳುನಾಡಿನಲ್ಲಂತೂ ವಿಶೇಷವಾಗಿ. 2025ರ ಆಗಸ್ಟ್‌ನಲ್ಲಿ ಸಂಸತ್ತು ಅಂಗೀಕರಿಸಿದ ಆನ್‌ಲೈನ್ ಗೇಮಿಂಗ್ ಕಾಯಿದೆಯು ಹಣವಿಟ್ಟು ಆಡುವ ಆಟಗಳನ್ನು ನಿಷೇಧಿಸಿ ಇ-ಕ್ರೀಡೆಗಳನ್ನು ಬೇರೆಯಾಗಿ ಗುರುತಿಸಿದೆ. ಇಲ್ಲಿ ಹೇಳುತ್ತಿರುವುದು ಎರಡನೆಯ ಬಗೆಯದು. ಪಣಕ್ಕಿರುವುದು ಅಂಕಿ ಮತ್ತು ಮಾನ ಮಾತ್ರ.

ಅಂಕಿಯೂ ಕಡ್ಡಿಗಳೂ ಕೈಬಿಟ್ಟವನಿಗೆ ಉಳಿಯುವ ದಾರಿ ಹಳೆಯದೇ: ಗರಡಿ. ಏಳೆಂಟು ಮಂದಿ ಒಬ್ಬರನ್ನೊಬ್ಬರು ಬಲ್ಲವರು, ವಾರಕ್ಕೆ ಗೊತ್ತಾದ ಹೊತ್ತಿಗೆ ಸೇರಿ, ಗೆದ್ದ ಮೇಲೂ ಎದ್ದುಹೋಗದೆ, ಹೀಗೇಕೆ ಹೊಡೆದೆ ಹಾಗೇಕೆ ತಡೆಯಲಿಲ್ಲವೆಂದು ಕೇಳಿಕೊಳ್ಳುತ್ತ ಆಡುವ ಬಳಗ. ಯಂತ್ರ ಹುಡುಕಿಕೊಟ್ಟ ಎದುರಾಳಿ ಎರಡು ಮೂರು ಪಂದ್ಯಗಳ ನಂತರ ಮರೆಯಾಗುತ್ತಾನೆ. ಅವನ ಹೆಸರು ಮತ್ತೆ ಕಾಣದು. ಗರಡಿಯ ಜೋಡಿ ಹಾಗಲ್ಲ. ಅವನು ಇವನ ದೌರ್ಬಲ್ಯವನ್ನು ಇವನಿಗಿಂತ ಮೊದಲೇ ಕಂಡಿರುತ್ತಾನೆ.

ಇದಕ್ಕೆ ನಮ್ಮ ನೆರೆಯಲ್ಲಿಯೇ ಸಾಕ್ಷಿಯಿದೆ. 2019ರ ಫೆಬ್ರುವರಿಯಲ್ಲಿ ಜಪಾನಿನ ಫುಕುವೋಕದಲ್ಲಿ ನಡೆದ ಈವೊ ಜಪಾನ್ ಪಂದ್ಯಾವಳಿಯ 'ಟೆಕೆನ್ 7' ಸ್ಪರ್ಧೆಯನ್ನು ಲಾಹೋರಿನ ಅರ್ಸಲಾನ್ ಸಿದ್ದೀಕಿ ಗೆದ್ದಾಗ ಆ ಲೋಕ ಬೆರಗಾಯಿತು. ಅರ್ಸಲಾನ್ ಆ್ಯಶ್ ಎಂದು ಪ್ರಸಿದ್ಧನಾದ ಆತ ಪ್ರಯಾಣದ ನಾನಾ ತೊಡಕುಗಳನ್ನು ದಾಟಿ ಅಲ್ಲಿಗೆ ತಲುಪಿದ್ದ. ಅದೇ ಆಗಸ್ಟ್‌ನಲ್ಲಿ ಅಮೆರಿಕದ ಲಾಸ್ ವೇಗಸ್‌ನ ಈವೊ ಪಂದ್ಯಾವಳಿಯನ್ನೂ ಗೆದ್ದ; ಅಂತಿಮ ಪಂದ್ಯದಲ್ಲಿ ಸೋತವನು 'ನೀ' ಎಂಬ ಹೆಸರಿನಿಂದ ಆಡುವ ಕೊರಿಯದ ಹಿರಿಯ ಆಟಗಾರ ಬೇ ಜೇ ಮಿನ್. ತನ್ನಷ್ಟೇ ಬಲ್ಲವರು ಪಾಕಿಸ್ತಾನದಲ್ಲಿ ಇನ್ನೂ ಇದ್ದಾರೆಂದು ಅರ್ಸಲಾನ್ ಫುಕುವೋಕದಲ್ಲೇ ಹೇಳಿದ್ದ. ಆಟದ ಅಂಗಡಿಗಳಲ್ಲಿ ಪಕ್ಕಪಕ್ಕ ಕುಳಿತು ಒಬ್ಬರನ್ನೊಬ್ಬರು ತಿದ್ದಿಕೊಂಡು ಬೆಳೆದ ಆ ಬಳಗದ ಬಲವನ್ನು ಯಾವ ಅಂಕಿಯೂ ದಾಖಲಿಸಿರಲಿಲ್ಲ, ಏಕೆಂದರೆ ಹೊರಗಿನವರು ಅವರೊಡನೆ ಹೆಚ್ಚು ಆಡಿರಲಿಲ್ಲ. ಫುಕುವೋಕದ ಗೆಲುವಿನ ಬಳಿಕ 'ನೀ' ಸ್ವತಃ ಪಾಕಿಸ್ತಾನಕ್ಕೆ ಹೋಗಿ ಅವರ ಎದುರು ಕುಳಿತ, ಹಲವರಿಂದ ಸೋತ. ಜಗತ್ತಿನ ಅತಿವೇಗದ ಅಂತರ್ಜಾಲವಿರುವ ದೇಶಗಳಲ್ಲೊಂದರಿಂದ ಬಂದವನಿಗೂ ಆ ಜೋಡಿಗಳನ್ನು ಕಾಣಲು ವಿಮಾನವೇರದೆ ಬೇರೆ ದಾರಿಯಿರಲಿಲ್ಲ.

ತಿರುಪ್ಪೂರಿನ ಯುವಕನಿಗೆ ವಿಮಾನ ಬೇಡ. ಹಾಗೆಂದು ಅಂತರ್ಜಾಲ ಅವನಿಗೆ ನಿರುಪಯುಕ್ತವೂ ಅಲ್ಲ: ಕೊಯಮತ್ತೂರಿನಲ್ಲಿ, ಪೊಳ್ಳಾಚಿಯಲ್ಲಿ, ಈರೋಡಿನಲ್ಲಿ ಇದೇ ಆಟ ಆಡುವ ನಾಲ್ವರಿದ್ದಾರೆಂಬ ಸುದ್ದಿಯನ್ನು ಅದು ತಂದುಕೊಡಬಲ್ಲದು, ಹಳೆಯ ಕಾಲದಲ್ಲಿ ಜಾತ್ರೆಯ ಭಿತ್ತಿಪತ್ರ ತರುತ್ತಿದ್ದಂತೆ. ಉಳಿದದ್ದು ಭಾನುವಾರದ ಬಸ್ಸಿನ ಕೆಲಸ. ಚೀಲದಲ್ಲಿ ತನ್ನ ಗುಂಡಿಗಳ ಹಲಗೆಯನ್ನಿಟ್ಟುಕೊಂಡು ಅವಿನಾಶಿಯ ಮೇಲೆ ಹಾದು ಕೊಯಮತ್ತೂರಿನಲ್ಲಿ ಇಳಿದರೆ, ಒಂದೇ ಯಂತ್ರಕ್ಕೆ ಎರಡು ತಂತಿ. ಅಲ್ಲಿ ಚೆನ್ನೈಯ ಪ್ರದಕ್ಷಿಣೆಯಿಲ್ಲ, ಕಡ್ಡಿಗಳಿಲ್ಲ. ಸೋತ ಗುದ್ದು ಯಾವ ಫ್ರೇಮಿನಲ್ಲಿ ತಾಗಿತೆಂದು ಪಕ್ಕದಲ್ಲಿ ಕುಳಿತವನನ್ನೇ ಕೇಳಬಹುದು.